ಕನಸಿನ ಶಕ್ತಿ ಕೂಡಿಡುವ ತಲೆಪಟ್ಟಿ: ನಲವತ್ತೇಳು ರಾತ್ರಿಗಳ ಬಳಕೆಯ ನಂತರ

ಕಳೆದ ಮಳೆಗಾಲ ಮುಗಿಯುವ ಹೊತ್ತಿಗೆ ಸುಮಾರು ಹದಿನೆಂಟು ಸಾವಿರ ರೂಪಾಯಿ ಕೊಟ್ಟು ಒಂದು ತಲೆಪಟ್ಟಿಯನ್ನು ತರಿಸಿಕೊಂಡೆ. ರಾತ್ರಿ ಹಣೆಗೆ ಕಟ್ಟಿಕೊಂಡು ಮಲಗಿದರೆ ಮಿದುಳಿನ ವಿದ್ಯುತ್ ಅಲೆಗಳನ್ನು ದಾಖಲಿಸಿ, ಕನಸು ಬೀಳುವ ಹೊತ್ತನ್ನು ಗುರುತಿಸಿ, ಆ ರಾತ್ರಿಯ ‘ಕನಸಿನ ಶಕ್ತಿ’ ಇಷ್ಟು ಎಂದು ಬೆಳಿಗ್ಗೆ ಮೊಬೈಲಿನಲ್ಲಿ ಅಂಕ ತೋರಿಸುವ ಉಪಕರಣ ಅದು. ಆ ಅಂಕಗಳನ್ನು ತಿಂಗಳುಗಟ್ಟಲೆ ಕೂಡಿಡಬಹುದು, ಬೇರೊಬ್ಬ ಬಳಕೆದಾರರಿಗೆ ದಾಟಿಸಬಹುದು, ಮುಂದಿನ ತಿಂಗಳುಗಳ ಚಂದಾದಲ್ಲಿ ವಜಾ ಮಾಡಿಸಿಕೊಳ್ಳಬಹುದು. ಇಂದು ಕಂಡ ಕನಸನ್ನು ನಾಳೆಗೆ ಉಳಿಸಿ ವಿನಿಮಯ ಮಾಡಬಹುದು ಎಂಬುದೇ ಅದರ ಜಾಹೀರಾತಿನ ಸಾರ. ಕಂಪನಿಯ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಪದವಿಪೂರ್ವ ಕಾಲೇಜಿನಲ್ಲಿ ಭೌತಶಾಸ್ತ್ರ ಪಾಠ ಮಾಡುವವನಾದ್ದರಿಂದ ‘ಶಕ್ತಿ’ ಎಂಬ ಶಬ್ದ ಕಂಡಲ್ಲಿ ನಿಲ್ಲುವುದು ನನ್ನ ಅಭ್ಯಾಸ. ಕೊಂಡುಕೊಳ್ಳಲು ಅರ್ಧ ಕಾರಣ ಆ ಕುತೂಹಲ. ಇನ್ನರ್ಧ ಕಾರಣ ನನ್ನ ತಂದೆ. ಅದನ್ನು ಮುಂದೆ ಹೇಳುತ್ತೇನೆ.

ಮೊದಲು ಕಟ್ಟಿಕೊಳ್ಳುವ ವಿಷಯ. ಪಟ್ಟಿ ಮೆತ್ತನೆಯ ಬಟ್ಟೆಯದು. ಒಳಮೈಯಲ್ಲಿ ಹಣೆಗೆ ತಾಗುವ ನಾಲ್ಕು ಒಣ ಸಂವೇದಕಗಳು, ಕಿವಿಯ ಹಿಂದೆ ಕೂರುವ ಎರಡು ಬಿಲ್ಲೆಗಳು, ನಾಡಿಬಡಿತ ನೋಡುವ ಒಂದು ಸಣ್ಣ ಬೆಳಕು ಇವೆ. ಮಗ್ಗುಲು ಬದಲಿಸಿದಾಗ ಕಿವಿಯ ಬಿಲ್ಲೆ ಒತ್ತುತ್ತದೆ, ಒಂದು ವಾರದಲ್ಲಿ ರೂಢಿಯಾಗುತ್ತದೆ. ತಯಾರಕರು ಯೋಚಿಸದೇ ಬಿಟ್ಟದ್ದು ನಮ್ಮ ಮನೆಗಳ ಹಣೆಯನ್ನು. ನೆತ್ತಿಗೆ ಎಣ್ಣೆ ಹಚ್ಚಿ ಮಲಗುವವರ ಹಣೆಗೆ ಆ ಎಣ್ಣೆ ಇಳಿದೇ ಇಳಿಯುತ್ತದೆ. ತೆಂಗಿನೆಣ್ಣೆಯ ತೆಳು ಪದರವಿದ್ದರೂ ಸಂವೇದಕ ಚರ್ಮವನ್ನು ಸರಿಯಾಗಿ ಹಿಡಿಯದೆ, ಅಲೆಯ ಜಾಗದಲ್ಲಿ ಬರೀ ಗದ್ದಲ ದಾಖಲಾಗುತ್ತದೆ. ಸಂಜೆಯ ವಿಭೂತಿಯನ್ನೂ ಒದ್ದೆ ಬಟ್ಟೆಯಲ್ಲಿ ಪೂರ್ತಿ ಒರೆಸಬೇಕು. ಸೆಕೆಯ ರಾತ್ರಿ ಕರೆಂಟು ಹೋಗಿ ಫ್ಯಾನು ನಿಂತರೆ ಬೆವರಿನಿಂದ ಅಲೆಗಳೆಲ್ಲ ಮೇಲೆ ಕೆಳಗೆ ತೇಲಾಡುತ್ತವೆ. ನಲವತ್ತೇಳು ರಾತ್ರಿಗಳಲ್ಲಿ ಒಂಬತ್ತು ಹೀಗೆಯೇ ಕೆಟ್ಟವು. ಬೆಳಿಗ್ಗೆ ಎದ್ದಾಗ ಹಣೆಯಲ್ಲಿ ನಾಲ್ಕು ದುಂಡನೆಯ ಗುರುತುಗಳು ಮೂಡಿರುತ್ತವೆ. ಕಾಲೇಜಿನ ಮೊದಲ ಗಂಟೆಯ ಹೊತ್ತಿಗೆ ಮಾಯವಾಗುತ್ತವೆ.

ಇನ್ನು ಪಟ್ಟಿ ನಿಜವಾಗಿ ಏನನ್ನು ಅಳೆಯುತ್ತದೆ ಎಂಬುದು. ಜರ್ಮನಿಯ ಯೇನಾ ನಗರದ ವೈದ್ಯ ಹಾನ್ಸ್ ಬರ್ಗರ್ 1924ರಲ್ಲಿ ಮೊದಲ ಬಾರಿಗೆ ಮನುಷ್ಯನ ಮಿದುಳಿನ ವಿದ್ಯುತ್ತನ್ನು ದಾಖಲಿಸಿ, 1929ರಲ್ಲಿ ಪ್ರಕಟಿಸಿದರು. ಸೇನೆಯಲ್ಲಿದ್ದ ಕಾಲದಲ್ಲಿ ಕುದುರೆಯಿಂದ ಬಿದ್ದು ಪ್ರಾಣಾಪಾಯದಿಂದ ಪಾರಾದ ದಿನವೇ, ದೂರದ ಊರಿನಲ್ಲಿದ್ದ ಅಕ್ಕನಿಗೆ ತಮ್ಮನಿಗೇನೋ ಕೇಡಾಗಿದೆ ಎಂದು ಅನ್ನಿಸಿ ಮನೆಯಿಂದ ತಂತಿ ಬಂದಿತ್ತು. ಆ ಘಟನೆಯಿಂದ ಹುಟ್ಟಿದ ಹುಡುಕಾಟ ಅವರದು. ಮನಸ್ಸಿನ ಶಕ್ತಿಯೆಂಬುದೊಂದು ಅಳತೆಗೆ ಸಿಕ್ಕೀತು ಎಂದು ಅವರು ನಂಬಿದ್ದರು. ಆ ಶಕ್ತಿ ಸಿಗಲಿಲ್ಲ, ಆದರೆ ಅಲೆಗಳು ಸಿಕ್ಕವು. ಬಳಿಕ 1953ರಲ್ಲಿ ಷಿಕಾಗೋ ವಿಶ್ವವಿದ್ಯಾಲಯದ ಯುಜೀನ್ ಅಸೆರಿನ್‌ಸ್ಕಿ ಮತ್ತು ನಥಾನಿಯಲ್ ಕ್ಲೈಟ್‌ಮನ್, ನಿದ್ರೆಯ ನಡುನಡುವೆ ಕಣ್ಣುಗುಡ್ಡೆಗಳು ರೆಪ್ಪೆಯೊಳಗೇ ಸರಸರನೆ ಓಡಾಡುವ ಹಂತವೊಂದಿದೆ, ಆಗ ಎಬ್ಬಿಸಿದರೆ ಜನ ಕನಸು ಹೇಳುತ್ತಾರೆ ಎಂದು ತೋರಿಸಿದರು. ಅಸೆರಿನ್‌ಸ್ಕಿ ಮೊದಲು ಪರೀಕ್ಷಿಸಿದವರಲ್ಲಿ ಅವರ ಎಂಟು ವರ್ಷದ ಮಗನೂ ಒಬ್ಬ. ರೆಮ್ ನಿದ್ರೆ ಎಂದು ಈಗ ಎಲ್ಲರೂ ಕರೆಯುವ ಆ ಹಂತ ಸುಮಾರು ತೊಂಬತ್ತು ನಿಮಿಷಕ್ಕೊಮ್ಮೆ ಬರುತ್ತದೆ, ಪ್ರತಿ ಸುತ್ತಿಗೂ ಉದ್ದವಾಗುತ್ತ ಹೋಗುತ್ತದೆ. ಹಾಗಾಗಿ ಕನಸಿನ ದೊಡ್ಡ ಪಾಲು ಬೀಳುವುದು ಬೆಳಗಿನ ಜಾವದಲ್ಲಿ. ಬೆಳಗಿನ ಜಾವದ ಕನಸು ನಿಜವಾಗುತ್ತದೆ ಎಂದು ನಮ್ಮ ಹಿರಿಯರು ಹೇಳುತ್ತಿದ್ದುದಕ್ಕೆ ಇದೇ ಮೂಲವಿರಬೇಕು ಎಂದು ನನಗನ್ನಿಸುತ್ತದೆ: ಎದ್ದಾಗ ನೆನಪಿರುವ ಕನಸೆಲ್ಲ ಆ ಹೊತ್ತಿನದೇ.

ಕಣ್ಣುಗುಡ್ಡೆಯ ಮುಂಭಾಗಕ್ಕೂ ಹಿಂಭಾಗಕ್ಕೂ ಸಣ್ಣ ವಿದ್ಯುತ್ ವ್ಯತ್ಯಾಸವಿರುವುದರಿಂದ ಅದು ತಿರುಗಿದಾಗಲೆಲ್ಲ ಹಣೆಯ ಸಂವೇದಕಕ್ಕೆ ಸುಳಿವು ಸಿಗುತ್ತದೆ. ಅಲೆಯನ್ನೂ ಈ ಸುಳಿವನ್ನೂ ಕೂಡಿಸಿ ಪಟ್ಟಿ ರೆಮ್ ಹಂತವನ್ನು ಊಹಿಸುತ್ತದೆ. ಅಂದರೆ ಅದಕ್ಕೆ ಗೊತ್ತಾಗುವುದು ಕನಸಿನ ಗಡಿಯಾರ ಮಾತ್ರ, ಕನಸಿನೊಳಗಿನದು ಏನೂ ಅಲ್ಲ. ಆ ಗಡಿಯಾರದ ಕೆಲಸವನ್ನು ಅದು ಚೆನ್ನಾಗಿ ಮಾಡುತ್ತದೆ ಎಂಬುದನ್ನು ಮನಸಾರೆ ಒಪ್ಪುತ್ತೇನೆ. ರೆಮ್ ಹಂತ ಮುಗಿಯುತ್ತಿದ್ದಂತೆ ಮೆಲ್ಲಗೆ ಕಂಪಿಸಿ ಎಬ್ಬಿಸುವ ಸೌಲಭ್ಯವೊಂದಿದೆ. ಮೊದಲ ವಾರ ಎದ್ದು ಕತ್ತಲನ್ನು ನೋಡಿ ಮತ್ತೆ ಮಲಗುತ್ತಿದ್ದೆ. ಆಮೇಲೆ ದಿಂಬಿನ ಪಕ್ಕ ಒಂದು ನೋಟ್‌ಬುಕ್ಕು, ಸೀಸದ ಕಡ್ಡಿ ಇಟ್ಟುಕೊಂಡು, ದೀಪ ಹಚ್ಚದೆ, ಕಣ್ಣನ್ನೂ ಪೂರ್ತಿ ತೆರೆಯದೆ ಎರಡು ಸಾಲು ಗೀಚಲು ಕಲಿತೆ. ನಲವತ್ತೈದು ವರ್ಷದಲ್ಲಿ ನೆನಪಿಟ್ಟ ಕನಸುಗಳಿಗಿಂತ ಹೆಚ್ಚು ಕನಸುಗಳು ಆ ಒಂದೂವರೆ ತಿಂಗಳಲ್ಲಿ ನನಗೆ ದಕ್ಕಿವೆ. ಎದ್ದು ಒಂದು ಲೋಟ ನೀರು ಕುಡಿಯುವಷ್ಟರಲ್ಲಿ ಕರಗಿಹೋಗುವ ಕನಸನ್ನು ಆ ಮಂಪರಿನಲ್ಲೇ ಹಿಡಿದುಕೊಳ್ಳುವ ಸುಖವನ್ನು ಈ ಪಟ್ಟಿ ಕೊಟ್ಟಿತು. ಇಷ್ಟನ್ನೇ ಮಾಡಿ ಸುಮ್ಮನಿದ್ದಿದ್ದರೆ ನಾನು ಗೆಳೆಯರೆಲ್ಲರಿಗೂ ಇದನ್ನು ಕೊಳ್ಳಲು ಹೇಳುತ್ತಿದ್ದೆ.

ಆದರೆ ಅಂಕದ ಮಾತಿದೆ. ಕನ್ನಡದಲ್ಲಿ ಶಕ್ತಿ ಎಂಬ ಮಾತಿಗೆ ದೇವಿಯಿಂದ ತೊಡಗಿ ತೋಳ್ಬಲದವರೆಗೆ ಹಲವು ಅರ್ಥಗಳಿವೆ ನಿಜ. ಆದರೆ ಅಳೆದು, ಕೂಡಿಟ್ಟು, ವಿನಿಮಯ ಮಾಡುತ್ತೇವೆ ಎಂದವರು ಅಳತೆಯ ಅರ್ಥಕ್ಕೆ ಬದ್ಧರಾಗಬೇಕು. ಮಿದುಳು ಸುಮಾರು 20 ವ್ಯಾಟ್ ಸಾಮರ್ಥ್ಯದಲ್ಲಿ ನಡೆಯುತ್ತದೆ, ದೇಹ ಸುಮ್ಮನಿರುವಾಗ ಖರ್ಚಾಗುವ ಶಕ್ತಿಯಲ್ಲಿ ಐದನೆಯ ಒಂದು ಪಾಲು ಅದರದು. ರೆಮ್ ಹಂತದಲ್ಲಿ ಆ ಖರ್ಚು ಎಚ್ಚರದಲ್ಲಿರುವಷ್ಟೇ ಇರುತ್ತದೆ. ಕನಸು ಕಾಣಲು ಶಕ್ತಿ ವ್ಯಯವಾಗುತ್ತದೆಯೇ ಹೊರತು ಕನಸಿನಿಂದ ಶಕ್ತಿ ಹುಟ್ಟುವುದಿಲ್ಲ. ಹಣೆಯ ಮೇಲೆ ಸಿಗುವುದು ಹತ್ತಾರು ಮೈಕ್ರೋವೋಲ್ಟ್ ಮಾತ್ರ (ವೋಲ್ಟಿನ ಹತ್ತು ಲಕ್ಷದಲ್ಲೊಂದು ಪಾಲು ಒಂದು ಮೈಕ್ರೋವೋಲ್ಟ್). ಐವತ್ತು ಮೈಕ್ರೋವೋಲ್ಟ್ ಎಂದು ಹಿಡಿದು, ಅದನ್ನು ಹತ್ತು ಲಕ್ಷ ಓಮ್ ರೋಧದಲ್ಲಿ ಎಂಟು ಗಂಟೆ ಹರಿಯಬಿಟ್ಟರೆ ಎಷ್ಟು ಸಿಗುತ್ತದೆ ಎಂಬುದನ್ನು ನನ್ನ ದ್ವಿತೀಯ ಪಿಯುಸಿ ವಿದ್ಯಾರ್ಥಿಗಳು ಐದು ನಿಮಿಷದಲ್ಲಿ ಲೆಕ್ಕ ಹಾಕಿಕೊಟ್ಟರು. ನೂರು ವರ್ಷದ ರಾತ್ರಿಗಳನ್ನೆಲ್ಲ ಕೂಡಿಸಿದರೂ ಒಂದು ಎಳ್ಳುಕಾಳನ್ನು ಗೇಣುದ್ದ ಮೇಲೆತ್ತಲು ಆ ಶಕ್ತಿ ಸಾಲದು. ಹಾಗಾದರೆ ಬೆಳಿಗ್ಗೆ 64 ಎಂದೋ 71 ಎಂದೋ ಕಾಣುವ ಅಂಕ ಯಾವುದರದು? ಸಹಾಯದ ಪುಟಗಳನ್ನು ತಡಕಿದಾಗ ತಿಳಿಯಿತು: ರೆಮ್ ನಿಮಿಷಗಳಿಗೆ ಅರವತ್ತು, ನಾವು ಆ್ಯಪಿನಲ್ಲಿ ಬರೆದು ಸೇರಿಸುವ ಕನಸಿನ ವಿವರಣೆಗೆ ನಲವತ್ತು.

ಆ ನಲವತ್ತರಲ್ಲಿ ನನಗೆ ಆದ ಅನುಭವವನ್ನು ಹೇಳಲೇಬೇಕು. ಹನ್ನೊಂದನೆಯ ರಾತ್ರಿ, ನಾಲ್ಕೂ ಇಪ್ಪತ್ತಕ್ಕೆ ಎದ್ದು ಬರೆದ ಕನಸು ಇದು. ಊರಿನ ಹಳೆಯ ಮನೆಯ ಕೊಟ್ಟಿಗೆಯಲ್ಲಿ ನಮ್ಮ ಅಜ್ಜಿ ಸಗಣಿ ಬಾಚಿ ಮುಗಿಸಿ, ಸೆರಗಿಗೆ ಕೈ ಒರೆಸಿಕೊಂಡು, ನನ್ನ ತರಗತಿಯ ಹಾಜರಿ ಪುಸ್ತಕವನ್ನು ಓದುತ್ತಿದ್ದರು. ಕರೆದ ಪ್ರತಿ ಹೆಸರಿಗೂ ಒಂದೊಂದು ದನ ತಲೆಯೆತ್ತಿ ನೋಡುತ್ತಿತ್ತು. ಅಜ್ಜಿಗೆ ಓದು ಬರುತ್ತಿರಲಿಲ್ಲ. ಅವರು ತೀರಿಕೊಂಡು ಇಪ್ಪತ್ತೆರಡು ವರ್ಷವಾಯಿತು. ಈ ಕನಸನ್ನು ಕನ್ನಡದಲ್ಲಿ ಬರೆದು ಸೇರಿಸಿದಾಗ ವಿವರಣೆಗೆ ಬಂದ ಅಂಕ ಸೊನ್ನೆ. ಅದನ್ನೇ ಇಂಗ್ಲಿಷಿಗೆ ತಿರುಗಿಸಿ, ಕೊಟ್ಟಿಗೆಯನ್ನು ಯಾವುದೋ ಒಂದು ಶೆಡ್ ಮಾಡಿ, ‘ದನ ತಲೆಯೆತ್ತಿತು’ ಎಂಬುದರ ಜೀವ ಕಳೆದು ಬರೆದಾಗ ಮೂವತ್ತೊಂದು ಬಂತು. ಮೂರು ಬೇರೆ ಕನಸುಗಳಲ್ಲಿ ಮತ್ತೆ ಪ್ರಯತ್ನಿಸಿ ನೋಡಿದೆ, ಫಲಿತಾಂಶ ಅದೇ. ತಂತ್ರಾಂಶಕ್ಕೆ ಕನ್ನಡ ಬಾರದು ಎಂಬುದು ಕ್ಷಮಿಸಬಹುದಾದ ಕೊರತೆ. ಬಾರದ ಭಾಷೆಯಲ್ಲಿ ಕಂಡ ಕನಸಿಗೆ ಶಕ್ತಿಯಿಲ್ಲ ಎಂದು ಅಂಕ ಹಾಕುವುದು ಕ್ಷಮಿಸಬಹುದಾದದ್ದಲ್ಲ. ನಾನು ಕನಸು ಕಾಣುವುದು ಕನ್ನಡದಲ್ಲಿ. ನನ್ನ ಅಜ್ಜಿ ಕನಸಿನಲ್ಲಿಯೂ ಬೇರೆ ಮಾತು ಆಡುವುದಿಲ್ಲ.

ಈಗ ತಂದೆಯವರ ವಿಷಯಕ್ಕೆ ಬರುತ್ತೇನೆ. ನಮ್ಮೂರು ತೀರ್ಥಹಳ್ಳಿಯ ಕಡೆ. ಅಪ್ಪನಿಗೆ ಎಪ್ಪತ್ತೊಂದು ವರ್ಷ. ಅವರು ಮೊದಲಿನಿಂದಲೂ ನಿದ್ದೆಯಲ್ಲಿ ಕನವರಿಸುವವರೇ, ಆದರೆ ಎರಡು ವರ್ಷದಿಂದ ಅದು ಕನವರಿಕೆಯ ಮಟ್ಟದಲ್ಲಿ ನಿಂತಿರಲಿಲ್ಲ. “ರಾತ್ರಿ ಹೊತ್ತು ಕೈಕಾಲು ಬೀಸ್ತಾರೆ ಕಣೋ, ನಂಗೇ ಎರಡು ಸಲ ಪೆಟ್ಟು ಬಿತ್ತು” ಎಂದು ಅಮ್ಮ ಫೋನಿನಲ್ಲಿ ಹೇಳಿದಾಗ ನನಗೆ ಗಾಬರಿಯಾಯಿತು. ಅಪ್ಪನನ್ನು ಕೇಳಿದರೆ, “ಹಂದಿ ಬಂದಿತ್ತು, ಓಡಿಸ್ತಿದ್ದೆ” ಎಂದಷ್ಟೇ ಹೇಳಿದರು. ಹರೆಯದಲ್ಲಿ ಗದ್ದೆಯ ಅಟ್ಟಣಿಗೆಯ ಮೇಲೆ ಕೂತು ಕಾಡುಹಂದಿ ಕಾಯ್ದವರು ಅವರು. ದೀಪಾವಳಿಯ ರಜೆಯಲ್ಲಿ ಊರಿಗೆ ಹೋದಾಗ ಪಟ್ಟಿಯನ್ನೂ ಒಯ್ದು, ಅವರ ಹಣೆಯ ವಿಭೂತಿ ಒರೆಸಿ, ಐದು ರಾತ್ರಿ ಕಟ್ಟಿದೆ. ಮೂರನೆಯ ರಾತ್ರಿ ಪಕ್ಕದಲ್ಲೇ ಎಚ್ಚರವಾಗಿ ಕೂತಿದ್ದೆ. ನಾಲ್ಕು ಗಂಟೆಯ ಸುಮಾರಿಗೆ ಅಪ್ಪ “ಹೋ… ಹೋ…” ಎಂದು ಕೂಗಿ, ಕಣ್ಣು ಮುಚ್ಚಿಕೊಂಡೇ ಬಲಗೈ ಬೀಸಿದರು. ಹಾಸಿಗೆಯ ಪಕ್ಕದ ಸ್ಟೂಲು ಉರುಳಿ, ತಾಮ್ರದ ಚೊಂಬಿನ ನೀರು ನನ್ನ ಕಾಲ ಮೇಲೆ ಚೆಲ್ಲಿತು. ಹೆಸರು ಹಿಡಿದು ಕರೆಯುವ ರೂಢಿ ನಮ್ಮಲ್ಲಿಲ್ಲ; “ಅಪ್ಪಾ” ಎಂದು ಎರಡು ಸಲ ಕರೆದಾಗ ಎದ್ದು, ಹಂದಿ ಅಂಗಳಕ್ಕೇ ನುಗ್ಗಿತ್ತು ಎಂದು ಸ್ಪಷ್ಟವಾಗಿ ಹೇಳಿದರು. ಬೆಳಿಗ್ಗೆ ಆ್ಯಪ್ ತೆರೆದು ನೋಡಿದೆ. ಆ ಹೊತ್ತಿಗೆ ಸರಿಯಾಗಿ ಅದು ಬರೆದಿದ್ದದ್ದು ‘ಎಚ್ಚರ’ ಎಂದು.

ಪಟ್ಟಿ ಏಕೆ ತಪ್ಪಿತು ಎಂಬುದು ಆಮೇಲೆ ತಿಳಿಯಿತು. ರೆಮ್ ಹಂತದಲ್ಲಿ ಮಿದುಳುಕಾಂಡ ಕೈಕಾಲುಗಳ ಸ್ನಾಯುಗಳನ್ನು ಸಡಿಲಗೊಳಿಸಿ ಕಟ್ಟಿಹಾಕಿರುತ್ತದೆ. ಕನಸಿನಲ್ಲಿ ಓಡಿದರೂ ನಾವು ಹಾಸಿಗೆಯಲ್ಲಿ ಓಡದಿರುವುದು ಅದರಿಂದ. ಫ್ರಾನ್ಸಿನ ಲಿಯೋಂ ನಗರದ ಮಿಷೆಲ್ ಜೂವೆ 1959ರಲ್ಲೇ ಬೆಕ್ಕುಗಳಲ್ಲಿ ಇದನ್ನು ತೋರಿಸಿದ್ದರು. ಆ ಕಟ್ಟು ಸಡಿಲಿದವರು ಕನಸನ್ನು ಮೈಯಲ್ಲೇ ಆಡುತ್ತಾರೆ. ಅಮೆರಿಕದ ವೈದ್ಯರಾದ ಕಾರ್ಲೋಸ್ ಶೆಂಕ್ ಮತ್ತು ಮಾರ್ಕ್ ಮಹೋವಾಲ್ಡ್ 1986ರಲ್ಲಿ ಇದನ್ನು ಒಂದು ರೋಗವಾಗಿ ವಿವರಿಸಿದರು. ಪತ್ತೆ ಮಾಡಬೇಕಾದರೆ ಗದ್ದದ ಸ್ನಾಯುವಿನ ಬಿಗಿತವನ್ನು ಅಳೆಯಬೇಕು, ತಲೆಪಟ್ಟಿ ಗದ್ದವನ್ನು ಮುಟ್ಟುವುದೇ ಇಲ್ಲ. ಮೈ ಅಲುಗಾಡಿದ್ದನ್ನು ಕಂಡರೆ ಅದು ಎಚ್ಚರವೆಂದೇ ತಿಳಿಯುತ್ತದೆ. ನಿಮ್ಹಾನ್ಸ್‌ನಂಥ ಸಂಸ್ಥೆಗಳಲ್ಲಿರುವ ನಿದ್ರಾ ಪ್ರಯೋಗಾಲಯಗಳಲ್ಲಿ ತಲೆ, ಕಣ್ಣಂಚು, ಗದ್ದ, ಎದೆ, ಕಾಲುಗಳಿಗೆ ತಂತಿ ಅಂಟಿಸಿ, ಮೂಗಿನ ಉಸಿರು ಮತ್ತು ರಕ್ತದ ಆಮ್ಲಜನಕವನ್ನೂ ನೋಡುತ್ತ, ವಿಡಿಯೊ ಚಿತ್ರೀಕರಿಸುತ್ತ ಇಡೀ ರಾತ್ರಿ ದಾಖಲಿಸುತ್ತಾರೆ. ಅಂಥದೊಂದು ಪ್ರಯೋಗಾಲಯದಲ್ಲಿ ಅಪ್ಪ ಒಂದು ರಾತ್ರಿ ಮಲಗಿದರು, ಉತ್ತರ ಸಿಕ್ಕಿತು, ಮಾತ್ರೆ ಶುರುವಾಯಿತು. ಹಾಸಿಗೆಯನ್ನು ನೆಲಕ್ಕೆ ಇಳಿಸಿದ್ದೇವೆ, ಸ್ಟೂಲು ಅಡುಗೆಮನೆಗೆ ಹೋಗಿದೆ. ಈ ತೊಂದರೆ ಇರುವವರಲ್ಲಿ ದೊಡ್ಡ ಪಾಲಿನವರಿಗೆ ಹಲವು ವರ್ಷಗಳ ನಂತರ ಪಾರ್ಕಿನ್ಸನ್ ಅಥವಾ ಅದರ ಹತ್ತಿರದ ಕಾಯಿಲೆ ಕಾಣಿಸಿಕೊಳ್ಳುತ್ತದೆ ಎಂದು ವೈದ್ಯರು ಮುಚ್ಚುಮರೆಯಿಲ್ಲದೆ ಹೇಳಿದರು. ಆರು ತಿಂಗಳಿಗೊಮ್ಮೆ ತೋರಿಸಿಕೊಂಡು ಬರುತ್ತೇವೆ.

ಊರಿನಿಂದ ಹಿಂತಿರುಗಿದ ಮೇಲೆ ನನ್ನ ಖಾತೆಯಲ್ಲಿ ಹನ್ನೆರಡು ದಿನದ ಚಂದಾ ಉಚಿತವಾಗಿ ಜಮೆಯಾಗಿರುವುದು ಕಾಣಿಸಿತು. ಯಾವುದರಿಂದ ಎಂದು ಹುಡುಕಿದೆ. ಖಾತೆ ತೆರೆಯುವಾಗ ಒಪ್ಪಿಗೆಯ ಉದ್ದನೆಯ ಪುಟದಲ್ಲಿ ‘ರಾತ್ರಿಗಳ ವಿನಿಮಯ’ ಎಂಬ ಗುಂಡಿ ಮೊದಲೇ ಒತ್ತಿದ ಸ್ಥಿತಿಯಲ್ಲಿತ್ತು. ನಾನು ಅದನ್ನು ಆಫ್ ಮಾಡಿರಲಿಲ್ಲ. ಹೆಸರು ತೆಗೆದ ಅಲೆಗಳ ಪೂರ್ಣ ದಾಖಲೆ ಪಾಲುದಾರ ಕಂಪನಿಗಳಿಗೆ ಹೋಗುತ್ತದೆ, ಅದರ ಬದಲಿಗೆ ಅಂಕ ಬರುತ್ತದೆ. ಕನಸಿನ ಶಕ್ತಿಯ ಮಾರುಕಟ್ಟೆ ಎಂದರೆ ಇದು. ಅಂಕ ನನ್ನ ಹೆಸರಿನಲ್ಲಿ, ಅಲೆಗಳು ಅಪ್ಪನವು. ಹನ್ನೆರಡು ದಿನದ ಚಂದಾಕ್ಕೆ ನನ್ನ ತಂದೆಯ ಐದು ರಾತ್ರಿಗಳನ್ನು ಅವರಿಗೆ ತಿಳಿಸದೆ ನಾನು ಮಾರಿದ್ದೆ.

ಇದೇಕೆ ಅಷ್ಟು ದೊಡ್ಡ ಮಾತು ಎಂದು ಕೇಳುವವರಿಗೆ ಹಳೆಯದೊಂದು ಪ್ರಸಂಗವನ್ನು ನೆನಪಿಸುತ್ತೇನೆ. ಅಮೆರಿಕದ ಆಲ್ಫ್ರೆಡ್ ಲೂಮಿಸ್ ಎಂಬ ವಿಜ್ಞಾನಾಸಕ್ತ ಸಿರಿವಂತ ತನ್ನ ಸ್ವಂತ ಪ್ರಯೋಗಾಲಯದಲ್ಲಿ ನಿದ್ರಿಸುವವರ ಮಿದುಳಿನ ಅಲೆಗಳನ್ನು ರಾತ್ರಿಪೂರ್ತಿ ಕಾಗದದ ಮೇಲೆ ಬರೆಸಿ, 1937ರಲ್ಲಿ ನಿದ್ರೆಯನ್ನು ಐದು ಹಂತಗಳಾಗಿ ವಿಂಗಡಿಸಿದ. ಆ ಐದರಲ್ಲಿ ರೆಮ್ ಹಂತ ಬೇರೆಯಾಗಿ ಇರಲಿಲ್ಲ. ಅದನ್ನು ಕಾಣಲು ಮುಂದೆ ಯಾರೋ ಕಣ್ಣಿನ ಚಲನೆಯನ್ನು ಜೊತೆಗಿಟ್ಟು ನೋಡಬೇಕಾಯಿತು, ಹದಿನಾರು ವರ್ಷ ಕಾಯಬೇಕಾಯಿತು. ಅಲೆಗಳು ಒಮ್ಮೆ ದಾಖಲಾದ ಮೇಲೆ ಹಾಗೆಯೇ ಇರುತ್ತವೆ. ಬದಲಾಗುವುದು ಅವನ್ನು ಓದುವ ವಿದ್ಯೆ. ಜಪಾನಿನ ಕ್ಯೋಟೋದಲ್ಲಿ ಯುಕಿಯಾಸು ಕಾಮಿತಾನಿ ಅವರ ತಂಡ 2013ರಲ್ಲಿ ಮೂವರನ್ನು ದೊಡ್ಡ ಸ್ಕ್ಯಾನಿಂಗ್ ಯಂತ್ರದಲ್ಲಿ ಮಲಗಿಸಿ, ನಿದ್ದೆಗೆ ಜಾರುತ್ತಿದ್ದಂತೆ ಮತ್ತೆ ಮತ್ತೆ ಎಬ್ಬಿಸಿ ಕೇಳಿ, ಅವರಿಗೆ ಕಂಡದ್ದು ಯಾವ ಬಗೆಯ ವಸ್ತು ಎಂಬುದನ್ನು ಮಿದುಳಿನ ಚಿತ್ರದಿಂದ ಸ್ವಲ್ಪಮಟ್ಟಿಗೆ ಊಹಿಸಿ ತೋರಿಸಿತು. 2021ರಲ್ಲಿ ನಾಲ್ಕು ದೇಶಗಳ ತಂಡಗಳು ರೆಮ್ ನಿದ್ರೆಯಲ್ಲಿದ್ದವರನ್ನು ಎಂಟರಲ್ಲಿ ಆರು ಕಳೆದರೆ ಎಷ್ಟು ಎಂದು ಕೇಳಿ, ಕಣ್ಣಿನ ಚಲನೆಯಲ್ಲಿ ಉತ್ತರ ಪಡೆದವು. ಹಣೆಯ ನಾಲ್ಕು ಸಂವೇದಕಗಳು ಆ ಯಂತ್ರಗಳ ಹತ್ತಿರಕ್ಕೂ ಬರುವುದಿಲ್ಲ ನಿಜ. ಆದರೂ ಐದು ರಾತ್ರಿಯ ದಾಖಲೆಯಲ್ಲಿ ಒಬ್ಬ ಮನುಷ್ಯನ ಮುಂದಿನ ಹತ್ತು ವರ್ಷದ ಆರೋಗ್ಯದ ಸುಳಿವಿರಬಹುದು ಎಂಬುದನ್ನು ನಾನು ನನ್ನ ಮನೆಯಲ್ಲೇ ಕಂಡೆ. ಕಾಲದ ಆಚೆಗೆ ನಡೆಯುವ ವ್ಯಾಪಾರ ಎಂದು ಯಾವುದನ್ನಾದರೂ ಕರೆಯಬಹುದಾದರೆ ಇದನ್ನೇ ಕರೆಯಬೇಕು: ಮಾರುವವರು ಇಂದಿನ ಓದಿನ ಬೆಲೆಗೆ ಮಾರುತ್ತಾರೆ, ಕೊಂಡವರು ನಾಳಿನ ಓದನ್ನು ಕೊಂಡಿರುತ್ತಾರೆ. ಚಿಲಿ ದೇಶ 2021ರಲ್ಲಿ ತನ್ನ ಸಂವಿಧಾನವನ್ನೇ ತಿದ್ದಿ ಮಿದುಳಿನ ಚಟುವಟಿಕೆಗೂ ಅದರಿಂದ ಸಿಗುವ ಮಾಹಿತಿಗೂ ರಕ್ಷಣೆ ಕೊಟ್ಟಿತು. ಅಮೆರಿಕದ ಕೊಲರಾಡೊ ರಾಜ್ಯ 2024ರಲ್ಲಿ ಇಂಥ ಮಾಹಿತಿಯನ್ನು ಸೂಕ್ಷ್ಮ ದತ್ತಾಂಶವೆಂದು ಕಾನೂನಿನಲ್ಲಿ ಸೇರಿಸಿತು. ನಮ್ಮ ಸಂಸತ್ತು 2023ರಲ್ಲಿ ಅಂಗೀಕರಿಸಿದ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆಯಲ್ಲಿ ಒಪ್ಪಿಗೆಯನ್ನು ಹಿಂಪಡೆಯುವ, ದತ್ತಾಂಶ ಅಳಿಸಲು ಕೇಳುವ ಹಕ್ಕುಗಳಿವೆ, ಆದರೆ ಮಿದುಳಿನ ಅಲೆಗಳನ್ನು ಹೆಸರಿಸಿ ಪ್ರತ್ಯೇಕವಾಗಿ ಕಾಯುವ ಮಾತು ಅದರಲ್ಲಿ ಬಂದಿಲ್ಲ.

ಐದು ರಾತ್ರಿಗಳನ್ನು ಅಳಿಸಬೇಕು, ಅಂಕಗಳನ್ನು ಹಿಂದಕ್ಕೆ ತೆಗೆದುಕೊಳ್ಳಬೇಕು ಎಂದು ಕಂಪನಿಗೆ ಬರೆದೆ. ಒಂಬತ್ತು ದಿನದ ಮೇಲೆ ಬಂದ ಉತ್ತರದ ಪ್ರಕಾರ, ನನ್ನ ಖಾತೆಯಲ್ಲಿರುವ ಪ್ರತಿಯನ್ನು ಅಳಿಸಿದ್ದಾರೆ. ಈಗಾಗಲೇ ಸಂಗ್ರಹಕ್ಕೆ ಸೇರಿಹೋದ ಪ್ರತಿಯನ್ನು, ಅದರ ಮೇಲೆ ಹೆಸರಿಲ್ಲವಾದ್ದರಿಂದ, ಹುಡುಕಿ ತೆಗೆಯಲು ಬರುವುದಿಲ್ಲವಂತೆ. ಊರಿಗೆ ಹೋಗಿ ಅಪ್ಪನ ಎದುರು ಕೂತು ಎಲ್ಲವನ್ನೂ ಹೇಳಿದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, “ಕೇಳಿದ್ರೆ ನಾನೇ ಕೊಡ್ತಿದ್ದೆ, ಯಾವುದಾದ್ರೂ ಡಾಕ್ಟ್ರಿಗೆ” ಎಂದರು.

ಚಂದಾ ನಿಲ್ಲಿಸಿದ್ದೇನೆ. ಚಂದಾ ಇಲ್ಲದೆಯೂ ಎಬ್ಬಿಸುವ ಸೌಲಭ್ಯ, ಹಂತಗಳ ನಕ್ಷೆ ಎರಡೂ ಕೆಲಸ ಮಾಡುತ್ತವೆ. ಶನಿವಾರದ ರಾತ್ರಿ ಮಾತ್ರ ಕಟ್ಟಿಕೊಳ್ಳುತ್ತೇನೆ, ಕನಸನ್ನು ನೋಟ್‌ಬುಕ್ಕಿನಲ್ಲೇ ಬರೆಯುತ್ತೇನೆ. ಕನಸು ನೆನಪಿಟ್ಟುಕೊಳ್ಳುವ ಆಸೆಗಷ್ಟೇ ಕೊಳ್ಳುವವರಿಗೆ ಹದಿನೆಂಟು ಸಾವಿರ ಹೆಚ್ಚಾಯಿತು. ನಾಲ್ಕೂವರೆಗೆ ಅಲಾರಂ ಇಟ್ಟು ಪಕ್ಕದಲ್ಲೊಂದು ಪುಸ್ತಕ ಇಟ್ಟುಕೊಂಡರೆ ಮುಕ್ಕಾಲು ಪಾಲು ಕೆಲಸವಾಗುತ್ತದೆ. ಮನೆಯಲ್ಲಿ ಯಾರಾದರೂ ನಿದ್ದೆಯಲ್ಲಿ ಕೈಕಾಲು ಬೀಸುತ್ತಿದ್ದರೆ, ಗೊರಕೆಯ ನಡುವೆ ಉಸಿರು ನಿಲ್ಲುತ್ತಿದ್ದರೆ ಪಟ್ಟಿ ಕಟ್ಟಿ ಸಮಯ ಕಳೆಯದೆ ನಿದ್ದೆಯ ತೊಂದರೆ ನೋಡುವ ವೈದ್ಯರ ಬಳಿ ಹೋಗಿ, ಸಾಧ್ಯವಾದರೆ ಮೊಬೈಲಿನಲ್ಲಿ ಒಂದು ವಿಡಿಯೊ ತೆಗೆದುಕೊಂಡು ಹೋಗಿ. ಈಗಾಗಲೇ ಕೊಂಡವರು ಮೊದಲ ರಾತ್ರಿಗೆ ಮುನ್ನ ಆ್ಯಪಿನ ಸೆಟ್ಟಿಂಗ್ಸ್ ತೆರೆದು, ಖಾತೆ, ಅದರೊಳಗೆ ಅಂಕಗಳು, ಅದರ ಕಟ್ಟಕಡೆಯಲ್ಲಿ ಬೂದು ಅಕ್ಷರದಲ್ಲಿರುವ ‘ಹೆಚ್ಚಿನ ಆಯ್ಕೆಗಳು’ ಎಂಬಲ್ಲಿಗೆ ಹೋಗಬೇಕು. ವಿನಿಮಯದ ಗುಂಡಿ ಇರುವುದು ಅಲ್ಲಿ. ಅದನ್ನು ಆಫ್ ಮಾಡಿದ ಮೇಲೆ ಆ್ಯಪನ್ನು ಮುಚ್ಚಿ ಮತ್ತೆ ತೆರೆದು ನೋಡಿ. ಒಂದು ಅಪ್‌ಡೇಟ್ ಆದ ನಂತರ ನನ್ನ ಮೊಬೈಲಿನಲ್ಲಿ ಅದು ತಾನಾಗಿ ಮತ್ತೆ ಹೊತ್ತಿಕೊಂಡಿತ್ತು.